ಶ್ಯೂರಿಟಿ ಕೇಳೋರು ನಮ್ಮೋರೇ ಆದಾಗ: ದಾಕ್ಷಿಣ್ಯಕ್ಕೆ ಬೀಳದೆ ತೀರ್ಮಾನ ತಗೊಳ್ಳೋದು ಹೇಗೆ

"ಭಾವ ಲೋನಿಗೆ ಶ್ಯೂರಿಟಿ ಹಾಕು ಅಂತಿದಾರೆ, ಇಲ್ಲ ಅಂದ್ರೆ ಅಕ್ಕ ಮಾತು ಬಿಡ್ತಾಳೆ." "ಫ್ರೆಂಡ್ ಚೀಟಿ ಎತ್ತಿದಾನೆ, ಗೌರ್ಮೆಂಟ್ ಕೆಲಸದಲ್ಲಿರೋರ ಜಾಮೀನೇ ಬೇಕಂತೆ, ನನ್ನ ಹಿಂದೆ ಬಿದ್ದಿದಾನೆ." "ಚಿಕ್ಕಪ್ಪ ಎರಡು ಲಕ್ಷ ಕೈಸಾಲ ಕೇಳಿದ್ರು, ಆಯ್ತು ಅಂದ್ಬಿಟ್ಟೆ, ಈಗ ನಿದ್ದೆ ಬರ್ತಿಲ್ಲ."

ಈ ಮೂರು ಪ್ರಶ್ನೆ ಹೆಸರು ಬದಲಾಯಿಸ್ಕೊಂಡು ನನ್ನ ಹತ್ರ ಬರ್ತಾನೇ ಇರುತ್ತೆ, ಒಬ್ಬೊಬ್ಬರಿಗೂ ಬಿಡಿಬಿಡಿಯಾಗಿ ಉತ್ತರ ಬರೆದು ಸಾಕಾಗಿ ಈಗ ಒಂದೇ ಕಡೆ ಬರೀತಿದೀನಿ. ಪ್ರಶ್ನೆ ಕೇಳೋರು ಯಾರೂ ದಡ್ಡರಲ್ಲ. ಫೋನಲ್ಲಿ ಯಾವನೋ ಓಟಿಪಿ ಕೇಳಿದ್ರೆ ಬೈದು ಇಡೋ ಜನಾನೇ, ಆದ್ರೆ ಅದೇ ಜನ ಷಡ್ಕ ಬಂದು ಕಾಫಿ ಕುಡೀತಾ ಕೇಳಿದ್ರೆ ಫಾರಂ ಓದದೆ ಸೈನ್ ಹಾಕ್ತಾರೆ, ಯಾಕಂದ್ರೆ ಅಲ್ಲಿ ಇಲ್ಲ ಅಂದ್ರೆ ಕಳ್ಕೊಳ್ಳೋದು ದುಡ್ಡಲ್ಲ, ಮನುಷ್ಯನ್ನ ಅನ್ನೋ ಭಯ. ನಮ್ಮನ್ನ ಒಪ್ಪಿಸೋ ತಂತ್ರ ಎಲ್ಲಾ ನಿಂತಿರೋದು ಈ ಒಂದು ಭಯದ ಮೇಲೆ. ಹಾಗಾಗಿ ಇಡೀ ಲೇಖನದಲ್ಲಿ ನಾನು ಮಾಡಿಸೋಕೆ ಹೊರಟಿರೋದು ಒಂದೇ ಕೆಲ್ಸ: "ಇವ್ರು ನಂಗೆ ಬೇಕಾ" ಅನ್ನೋ ಪ್ರಶ್ನೆ ಮತ್ತೆ "ಈ ಸೈನ್ ಹಾಕ್ಬೇಕಾ" ಅನ್ನೋ ಪ್ರಶ್ನೆ ಎರಡನ್ನೂ ಬೇರೆ ಬೇರೆ ಮಾಡೋದು.

ಇನ್ನೊಂದು ಮಾತು ಮೊದಲೇ ಹೇಳ್ಬಿಡ್ತೀನಿ. ಕೇಳೋರೆಲ್ಲ ಮೋಸಗಾರರಲ್ಲ. ಮುಂದೆ ಹೇಳೋ ತಂತ್ರಗಳನ್ನ ಬಹಳ ಜನ ಗೊತ್ತಿಲ್ದೇನೇ ಬಳಸ್ತಾರೆ, ಕಷ್ಟದಲ್ಲಿದ್ದಾಗ ನೀವೂ ಬಳಸಿರ್ತೀರ ನಾನೂ ಬಳಸಿದೀನಿ. ಯಾರ ಮೇಲೂ ಕೇಸ್ ಹಾಕೋಕೆ ಇದನ್ನ ಓದ್ಬೇಡಿ.

ಶುರು ಮಾಡೋಕೆ ಮುಂಚೆ ಇಷ್ಟು ಇಟ್ಕೊಂಡಿರಿ

ಒಂದು, ಒಂದು ಮೊತ್ತ. "ಇಷ್ಟು ದುಡ್ಡು ವಾಪಸ್ ಬರದೇ ಹೋದ್ರೂ ನನ್ನ ಮನೆ ನಡೆಯುತ್ತೆ, ಆ ಮನುಷ್ಯನ ಮುಖ ನೋಡಿ ಮಾತಾಡೋಕೂ ಆಗುತ್ತೆ" ಅನ್ನೋ ಮೊತ್ತ. ಐದು ಸಾವಿರ ಇರ್ಬಹುದು, ಐವತ್ತು ಸಾವಿರ ಇರ್ಬಹುದು, ಸೊನ್ನೆನೂ ಇರ್ಬಹುದು. ಯಾರೂ ಕೇಳದೇ ಇರೋ ಈ ಹೊತ್ತಲ್ಲೇ ಬರೆದಿಡಿ, ಎದುರಿಗೆ ಒಬ್ರು ಕಣ್ಣೀರು ಹಾಕ್ತಾ ಕೂತಿದ್ದಾಗ ಈ ಲೆಕ್ಕ ಬರಲ್ಲ.

ಎರಡು, ಮನೇಲಿ ಒಬ್ಬರ ಜೊತೆ ಮೊದಲೇ ಆಗಿರೋ ಒಪ್ಪಂದ: "ದೊಡ್ಡ ಮೊತ್ತ ಆಗ್ಲಿ ಸೈನ್ ಆಗ್ಲಿ, ಇಬ್ರೂ ಮಾತಾಡ್ದೆ ಹೂಂ ಅನ್ನಲ್ಲ." ಗಂಡ, ಹೆಂಡತಿ, ಅಮ್ಮ, ತಂಗಿ ಯಾರಾದ್ರೂ ಸರಿ. ಆದ್ರೆ ಆಮೇಲೆ "ನನ್ನ ಹೆಂಡ್ತಿ ಬೇಡ ಅಂದ್ಳು" ಅಂತ ಅವರ ತಲೆಗೆ ಕಟ್ಟೋಕೆ ಈ ಒಪ್ಪಂದ ಅಲ್ಲ, ಅದರ ಬಗ್ಗೆ 5ನೇ ಹಂತದಲ್ಲಿ ಹೇಳ್ತೀನಿ.

ಮೂರು, ಯೋಚ್ನೆ ಮಾಡೋಕೆ ಎರಡು ದಿನ ಟೈಮು.

ಹಂತ 1: ಕೇಳ್ತಿರೋದು ಏನು ಅಂತ ಮೊದಲು ತಿಳ್ಕೊಳ್ಳಿ

"ಬರೀ ಒಂದು ಸೈನ್ ಅಷ್ಟೇ ಕಣೋ, ಫಾರ್ಮಾಲಿಟಿ." ಈ ವಾಕ್ಯ ಕೇಳದೇ ಶ್ಯೂರಿಟಿ ಹಾಕಿರೋರು ಯಾರಾದ್ರೂ ಇದಾರಾ ಅನ್ನೋದೇ ಡೌಟು.

ಶ್ಯೂರಿಟಿ, ಜಾಮೀನು, ಗ್ಯಾರಂಟರ್ ಮೂರೂ ಒಂದೇ. ಸಾಲಗಾರ ಕಟ್ಟದೇ ಹೋದ್ರೆ ನಾನು ಕಟ್ತೀನಿ ಅಂತ ಬರೆದುಕೊಡೋದು. 1872ರ ಭಾರತೀಯ ಕರಾರು ಕಾಯ್ದೆಯ 128ನೇ ಸೆಕ್ಷನ್ ಪ್ರಕಾರ, ಕರಾರಲ್ಲಿ ಬೇರೆ ಥರ ಬರೆದಿಲ್ಲ ಅಂದ್ರೆ, ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನ ಹೊಣೆನೂ ಅಷ್ಟೇ. ಅಸಲು, ಬಡ್ಡಿ ಎಲ್ಲಾ ಸೇರಿ. "ಮೊದಲು ಅವನ ಹತ್ರ ವಸೂಲಿ ಮಾಡಿ, ಅವನ ಗಾಡಿ ಮಾರಿ, ಆಮೇಲೆ ನನ್ನ ಹತ್ರ ಬನ್ನಿ" ಅಂತ ಹೇಳೋ ಹಕ್ಕು ನಿಮಗಿದೆ ಅಂತ ಬಹಳ ಜನ ಅಂದ್ಕೊಂಡಿದಾರೆ. ಇಲ್ಲ. 1968ರಲ್ಲೇ ಬ್ಯಾಂಕ್ ಆಫ್ ಬಿಹಾರ್ ಕೇಸಲ್ಲಿ ಸುಪ್ರೀಂ ಕೋರ್ಟ್ ಇದನ್ನ ಸ್ಪಷ್ಟ ಮಾಡಿದೆ, ಸಾಲ ಕೊಟ್ಟೋರು ಸೀದಾ ಜಾಮೀನುದಾರನ ಮೇಲೇ ಬರ್ಬಹುದು.

ಸಹಕಾರ ಸೊಸೈಟಿ, ಚೀಟಿ ಕಂಪನಿ ಕಡೆ ಸಂಬಳದಾರರನ್ನ ಹುಡುಕ್ಕೊಂಡು ಬರೋದು ಸುಮ್ನೆ ಅಲ್ಲ. ಸ್ಯಾಲರಿ ಸರ್ಟಿಫಿಕೇಟ್ ಜೊತೆಗೆ "ಬಾಕಿ ಬಿದ್ರೆ ನನ್ನ ಸಂಬಳದಲ್ಲಿ ಹಿಡ್ಕೊಳ್ಳಿ" ಅನ್ನೋ ಒಪ್ಪಿಗೆ ಪತ್ರನೂ ಎಷ್ಟೋ ಕಡೆ ತಗೋತಾರೆ, ಫಾರಂಗಳ ಮಧ್ಯೆ ಅದೂ ಒಂದು ಹಾಳೆ ಅಷ್ಟೇ, ನೀವು ಗಮನಿಸಿರಲ್ಲ. ಬ್ಯಾಂಕ್ ಲೋನ್ ಆದ್ರೆ ಆ ಸಾಲ ನಿಮ್ಮ ಕ್ರೆಡಿಟ್ ರಿಪೋರ್ಟಲ್ಲೂ ಕಾಣಿಸುತ್ತೆ. ಭಾವ ಮೂರು ಕಂತು ತಪ್ಪಿಸಿದ್ರೆ ಏಟು ನಿಮ್ಮ ಸಿಬಿಲ್ ಸ್ಕೋರಿಗೂ ಬೀಳುತ್ತೆ, ನಾಳೆ ನೀವು ಮನೆ ಲೋನಿಗೆ ಹೋದಾಗ ಗೊತ್ತಾಗುತ್ತೆ.

ಕೈಸಾಲ ಹಾಗಲ್ಲ. ಅಲ್ಲಿ ಹೋದ್ರೆ ಕೊಟ್ಟಷ್ಟೇ ಹೋಗೋದು. ಶ್ಯೂರಿಟೀಲಿ ಎಷ್ಟು ಹೋಗುತ್ತೆ, ಯಾವಾಗ ಹೋಗುತ್ತೆ ಎರಡೂ ನಿಮ್ಮ ಕೈಲಿರಲ್ಲ. "ದುಡ್ಡು ಕೇಳ್ತಿಲ್ವಲ್ಲ, ಸೈನ್ ತಾನೇ" ಅಂತ ಶ್ಯೂರಿಟಿನ ಹಗುರ ಅಂದ್ಕೊಳ್ಳೋದೇ ಮೊದಲ ಎಡವಟ್ಟು.

ಹಂತ 2: ಯಾವ ದಾರೀಲಿ ಒಪ್ಪಿಸ್ತಿದಾರೆ ಅಂತ ಗುರುತು ಹಿಡೀರಿ

ಇದನ್ನ ಸ್ವಲ್ಪ ನಿಧಾನವಾಗಿ ಓದಿ. ಮನಸ್ಸನ್ನ ಒಪ್ಪಿಸೋ ತಂತ್ರಗಳ ಬಗ್ಗೆ ಮನಶ್ಶಾಸ್ತ್ರದವರು ಅರವತ್ತು ವರ್ಷದಿಂದ ಪ್ರಯೋಗ ಮಾಡ್ತಾನೇ ಬಂದಿದಾರೆ, ಅದರಲ್ಲಿ ನಾಕೈದು ನಮ್ಮ ಹಾಲ್‌ನಲ್ಲಿ ಕೂತ್ಕೊಂಡೇ ಬರೆದ ಹಾಗಿವೆ.

*ಬೆರಳು ಕೊಟ್ರೆ ಹಸ್ತ ನುಂಗೋದು.* ಗಾದೆ ನಮ್ದು, ಪ್ರಯೋಗ ಅಮೆರಿಕದವರದ್ದು. 1966ರಲ್ಲಿ ಫ್ರೀಡ್‌ಮನ್ ಮತ್ತು ಫ್ರೇಸರ್ ಅನ್ನೋರು ಕ್ಯಾಲಿಫೋರ್ನಿಯಾದಲ್ಲಿ ಮನೆಮನೆಗೆ ಹೋಗಿ "ಹುಷಾರಾಗಿ ಗಾಡಿ ಓಡಿಸಿ" ಅನ್ನೋ ದೊಡ್ಡ, ನೋಡೋಕೂ ಚೆನ್ನಾಗಿಲ್ದೇ ಇರೋ ಬೋರ್ಡನ್ನ ನಿಮ್ಮ ಮನೆ ಮುಂದೆ ನೆಡ್ತೀವಿ ಅಂತ ಕೇಳಿಸಿದ್ರು. ಸುಮ್ನೆ ಹೋಗಿ ಕೇಳಿದಾಗ ಒಪ್ಪಿದ್ದು ನೂರಕ್ಕೆ 17ಕ್ಕಿಂತ ಕಮ್ಮಿ. ಆದ್ರೆ ಎರಡು ವಾರ ಮುಂಚೆ ಅಂಥದೇ ವಿಷಯದ ಮೂರಿಂಚಿನ ಪುಟ್ಟ ಚೀಟಿ ಅಂಟಿಸ್ಕೊಳ್ಳೋಕೆ ಒಪ್ಪಿದ್ದ ಮನೆಗಳಲ್ಲಿ 76. ಸಣ್ಣದಕ್ಕೆ ಹೂಂ ಅಂದ ಮೇಲೆ "ನಾನು ಇಂಥದಕ್ಕೆಲ್ಲ ಆಗಿಬರೋ ಮನುಷ್ಯ" ಅಂತ ನಮ್ಮ ಬಗ್ಗೆ ನಾವೇ ತೀರ್ಮಾನ ಮಾಡ್ಕೊಂಡುಬಿಡ್ತೀವಿ ಅನ್ನೋದು ಅವರು ಕೊಟ್ಟ ಕಾರಣ. ಮನೇಲಿ ಇದು ಬರೋದು ಹೀಗೆ: ಮೊದಲು ಸಾವಿರ ರೂಪಾಯಿ ಕೈಗಡ, ಹೇಳಿದ ದಿನವೇ ವಾಪಸ್. ಆಮೇಲೆ ಐದು ಸಾವಿರ, ಅದೂ ವಾಪಸ್. ಆಮೇಲೆ ಆಧಾರ್ ಜೆರಾಕ್ಸ್ ಒಂದು ಕೊಡು, ಸುಮ್ನೆ ವಿಚಾರಿಸೋಕೆ. ಆಮೇಲೆ ಸ್ಯಾಲರಿ ಸ್ಲಿಪ್ಪು. ಸೈನ್ ಕೇಳೋ ಹೊತ್ತಿಗೆ ನೀವು ಅರ್ಧ ಸಾಲಗಾರ ಆಗಿರ್ತೀರ, ಅಲ್ಲಿಂದ ಇಲ್ಲ ಅನ್ನೋಕೆ ನಿಮಗೇ ನಾಚಿಕೆ.

*ದೊಡ್ಡದು ಕೇಳಿ ಇಳಿಯೋದು.* "ಐದು ಲಕ್ಷ ಅಡ್ಜಸ್ಟ್ ಮಾಡು." "ಅಯ್ಯೋ ಅಷ್ಟೆಲ್ಲಿಂದ ಬರ್ಬೇಕು ಭಾವ?" "ಹೋಗ್ಲಿ ಬಿಡು, ಒಂದು ಶ್ಯೂರಿಟಿ ಸೈನ್ ಆದ್ರೂ ಹಾಕು." ಈಗ ಸೈನ್ ಚಿಕ್ಕದಾಗಿ ಕಾಣುತ್ತೆ, ಜೊತೆಗೆ ಅವ್ರು ಒಂದು ಮೆಟ್ಲು ಇಳಿದ್ರು ನಾನೂ ಇಳೀಬೇಕು ಅನ್ನಿಸುತ್ತೆ. ಚಾಲ್ಡೀನಿ ಅನ್ನೋ ಮನಶ್ಶಾಸ್ತ್ರಜ್ಞ 1975ರಲ್ಲಿ ಪರೀಕ್ಷೆ ಮಾಡಿದ್ದು ಇದನ್ನೇ. ತಪ್ಪು ದಾರಿ ಹಿಡಿದ ಹುಡುಗರನ್ನ ಎರಡು ಗಂಟೆ ಝೂಗೆ ಕರ್ಕೊಂಡು ಹೋಗಿ ಅಂತ ನೇರ ಕೇಳಿದಾಗ ಕಾಲೇಜು ಹುಡುಗರಲ್ಲಿ ಒಪ್ಪಿದ್ದು ನೂರಕ್ಕೆ 17, ಅದಕ್ಕೆ ಮುಂಚೆ "ಎರಡು ವರ್ಷ ಪ್ರತಿ ವಾರ ಬನ್ನಿ" ಅಂತ ಆಗದೇ ಇರೋದನ್ನ ಕೇಳಿ ಇಲ್ಲ ಅನ್ನಿಸ್ಕೊಂಡು ಆಮೇಲೆ ಝೂ ಕೇಳಿದಾಗ 50. ಇದರಲ್ಲೊಂದು ಉಪಯೋಗದ ವಿಷ್ಯ ಇದೆ. ದೊಡ್ಡದನ್ನ ಒಬ್ರು, ಚಿಕ್ಕದನ್ನ ಇನ್ನೊಬ್ರು ಕೇಳಿದಾಗ ಈ ಮಂತ್ರ ನಡೀಲಿಲ್ಲ. ಅದೇ ಮನುಷ್ಯ "ನಂಗೋಸ್ಕರ ಇಳಿದ" ಅನ್ನೋ ಭಾವನೆ ಬಂದ್ರೆ ಮಾತ್ರ ಕೆಲ್ಸ ಮಾಡೋದು.

*ಹಂಗು ಹೊರಿಸೋದು.* ಊರಿಂದ ಬರ್ತಾ ಎರಡು ಗೊನೆ ಬಾಳೆಹಣ್ಣು, ಮಗುಗೆ ಬಟ್ಟೆ, ಆಮೇಲೆ ಮಾತು. 1971ರಲ್ಲಿ ರೀಗನ್ ಅನ್ನೋರ ಪ್ರಯೋಗದಲ್ಲಿ ಕೇಳದೇನೇ ಒಂದು ಕೋಕ್ ತಂದುಕೊಟ್ಟು ಆಮೇಲೆ ಲಾಟರಿ ಟಿಕೆಟ್ ತಗೋ ಅಂದಾಗ ಜನ ಹೆಚ್ಚುಕಮ್ಮಿ ಎರಡರಷ್ಟು ಟಿಕೆಟ್ ತಗೊಂಡ್ರು. ನಮ್ಮಲ್ಲಿ ಕೋಕ್ ಜಾಗದಲ್ಲಿ ಇರೋದು "ನೀನು ಪಿಯುಸಿ ಓದುವಾಗ ನಮ್ಮನೇಲೇ ಇದ್ದೆ, ನೆನಪಿದ್ಯಾ?" ನಿಜವಾದ ಋಣ ಬೇರೆ, ಅದನ್ನ ತೀರಿಸ್ಲೇಬೇಕು, ನಾನು ಅದರ ವಿರುದ್ಧ ಇಲ್ಲ. ಆದ್ರೆ ಹತ್ತಿಪ್ಪತ್ತು ವರ್ಷ ಎತ್ತದೇ ಇದ್ದ ಮಾತು ಇವತ್ತು, ಫಾರಂ ಜೊತೆಗೇ ಬಂತು ಅಂದ್ರೆ ಅದನ್ನ ಗಮನಿಸಿ. ಚಿಕ್ಕಮ್ಮ ಎರಡು ವರ್ಷ ಊಟ ಹಾಕಿದ್ದಕ್ಕೆ ಅವರ ಆಪರೇಷನ್ನಿಗೆ ನೀವು ನಿಲ್ಲಬಹುದು, ಅವರ ಮಗನ ಗಾಡಿ ಲೋನಿಗೆ ಏಳು ವರ್ಷ ಹೊಣೆ ಹೊರ್ಬೇಕು ಅಂತ ಎಲ್ಲೂ ಬರೆದಿಲ್ಲ.

*ಒಪ್ಪಿಸಿ ಆಮೇಲೆ ಷರತ್ತು ಬಿಚ್ಚೋದು.* "ಎರಡು ಲಕ್ಷದ ಲೋನು, ಒಂದು ವರ್ಷ" ಅಂತ ಹೂಂ ಅನ್ನಿಸ್ಕೊಂಡಿರ್ತಾರೆ, ಬ್ಯಾಂಕಿಗೆ ಹೋದ ಮೇಲೆ ನೋಡಿದ್ರೆ ಆರು ಲಕ್ಷ, ಐದು ವರ್ಷ. ಅಲ್ಲಿ ಮ್ಯಾನೇಜರ್ ಎದುರಿಗೆ, ಅರ್ಧ ದಿನ ರಜಾ ಹಾಕಿ ಬಂದು, ಯಾರು ಎದ್ದು ಬರ್ತಾರೆ? ಇದೇ ಚಾಲ್ಡೀನಿ 1978ರಲ್ಲಿ ಒಂದು ಪ್ರಯೋಗಕ್ಕೆ ಹುಡುಗರನ್ನ ಕರೆದಿದ್ರು, ಬೆಳಿಗ್ಗೆ ಏಳಕ್ಕೆ ಬರ್ಬೇಕು ಅಂತ ಮೊದಲೇ ಹೇಳಿದಾಗ ಒಪ್ಪಿದ್ದು ನೂರಕ್ಕೆ 31, ಹೂಂ ಅನ್ನಿಸ್ಕೊಂಡ ಮೇಲೆ ಏಳು ಗಂಟೆ ಅಂತ ಹೇಳಿದಾಗ 56. ಷರತ್ತು ಬದಲಾದ್ರೆ ಹಳೇ ಹೂಂ ಸತ್ತೋಯ್ತು ಅಂತ ಲೆಕ್ಕ. ಮತ್ತೆ ಮೊದಲಿಂದ ಯೋಚ್ನೆ ಮಾಡೋ ಹಕ್ಕು ನಿಮ್ದು.

*ಅವಸರ.* "ಇವತ್ತು ನಾಲ್ಕು ಗಂಟೆ ಒಳಗೆ ಆಗ್ಬೇಕು." ಇದಕ್ಕೆ ಪ್ರಯೋಗ ಬೇಡ. ಆಸ್ಪತ್ರೆ ವಿಷ್ಯ ಬಿಟ್ರೆ ನಾಲ್ಕು ಗಂಟೆಗೆ ಮುಗಿದುಹೋಗೋ ಸಾಲ ನಾನಂತೂ ನೋಡಿಲ್ಲ.

*ಮೌನ, ಮುನಿಸು, ಮೂರನೇ ಮನುಷ್ಯ.* ಇದು ನೇರ ಕೇಳೋದಲ್ಲ. ಊಟಕ್ಕೆ ಕರೆದ್ರೆ "ಹಸಿವಿಲ್ಲ" ಅನ್ನೋದು, ವಾಟ್ಸಾಪ್ ಗ್ರೂಪಿಂದ ಹೊರಗೆ ಹೋಗೋದು, ಸ್ಟೇಟಸ್ಸಲ್ಲಿ "ಕಷ್ಟ ಬಂದಾಗ ನಮ್ಮೋರು ಯಾರು ಅಂತ ಗೊತ್ತಾಗುತ್ತೆ" ಅಂತ ಹಾಕೋದು, ಅಮ್ಮನ ಕೈಲಿ ಫೋನ್ ಮಾಡಿಸೋದು. ನನ್ನ ಅನುಭವದಲ್ಲಿ ಜನ ಸೋಲೋದು ಮೇಲಿನ ಯಾವುದಕ್ಕೂ ಅಲ್ಲ, ಇದಕ್ಕೇ.

ಒಂದು ಎಚ್ಚರಿಕೆ: ಗುರುತು ಹಿಡಿದ ತಕ್ಷಣ "ನೀವು ನನ್ನ ಮೇಲೆ ಟ್ರಿಕ್ಸ್ ಮಾಡ್ತಿದೀರ" ಅಂತ ಬಾಯಿ ಬಿಡ್ಬೇಡಿ. ಅಲ್ಲಿಂದ ಮಾತು ಸಾಲದ ಮೇಲಿಂದ ಅವರ ಮರ್ಯಾದೆ ಮೇಲೆ ಹೋಗುತ್ತೆ, ಕೊನೆಗೆ ಅವಮಾನ ಮಾಡಿದ ತಪ್ಪಿಗೆ ಅಂತ ನೀವೇ ಸೈನ್ ಹಾಕಿ ಬರ್ತೀರ. ಗುರುತು ಮನಸ್ಸಲ್ಲೇ ಇರ್ಲಿ.

ಹಂತ 3: ಅಲ್ಲೇ ಉತ್ತರ ಕೊಡ್ಬೇಡಿ

ಒಂದು ವಾಕ್ಯ ಬಾಯಿಪಾಠ ಮಾಡ್ಕೊಳ್ಳಿ: "ದುಡ್ಡಿನ ವಿಷ್ಯ ನಾನು ಕೂತಲ್ಲೇ ಹೇಳಲ್ಲ ಭಾವ, ನಾಡಿದ್ದು ಭಾನುವಾರ ನಾನೇ ಫೋನ್ ಮಾಡ್ತೀನಿ."

ಇದರಲ್ಲಿ ಮೂರು ವಿಷ್ಯ ಇದೆ ನೋಡಿ. ಇದು ಎಲ್ಲರಿಗೂ ಇರೋ ನಿಯಮ, ಅವರೊಬ್ಬರಿಗೆ ಅಲ್ಲ. ದಿನ ಹೇಳಿದೀರ. ಫೋನ್ ಮಾಡೋದು ನೀವು, ಅವರಲ್ಲ. ದಿನ ಹೇಳದೆ "ನೋಡೋಣ" ಅಂದ್ರೆ ನಮ್ಮ ಕಡೆ ಅದು ಮುಕ್ಕಾಲು ಹೂಂ, ಅವರು ಅಷ್ಟರಲ್ಲಿ ಬ್ಯಾಂಕಲ್ಲಿ ನಿಮ್ಮ ಹೆಸರು ಕೊಟ್ಟು ಬಂದಿರ್ತಾರೆ. "ನೋಡೋಣ" ಅನ್ನೋ ಪದಾನೇ ಈ ವಿಷ್ಯದಲ್ಲಿ ಬಿಟ್ಬಿಡಿ.

ಟೈಮ್ ಸಿಕ್ರೆ ಹಿಂದಿನ ಹಂತದ ಅರ್ಧ ತಂತ್ರ ತಾನಾಗೇ ಇಳಿಯುತ್ತೆ. ಅವಸರ ಅಂತೂ ಅಲ್ಲೇ ಸತ್ತೋಗುತ್ತೆ, ದೊಡ್ಡದು ಕೇಳಿ ಇಳಿದಿದ್ದೂ ಎರಡು ದಿನ ಆದ್ಮೇಲೆ ಅಷ್ಟು ದೊಡ್ಡ ತ್ಯಾಗ ಅಂತ ಅನ್ಸಲ್ಲ. ಆಮೇಲೆ ನೀವು ಫೋನ್ ಮಾಡ್ತೀನಿ ಅಂದ ದಿನ ಮಾಡ್ಲೇಬೇಕು. ತಪ್ಪಿಸ್ಕೊಂಡು ಓಡಾಡಿದ್ರೆ ಸಂಬಂಧ ಕೆಡೋದು ಇಲ್ಲ ಅಂದಿದ್ದಕ್ಕಲ್ಲ, ಅದಕ್ಕೆ.

ಹಂತ 4: ಕಾಗದ ಕೇಳಿ

ಈ ಎರಡು ದಿನದಲ್ಲಿ ಇಷ್ಟು ತಿಳ್ಕೊಳ್ಳಿ: ಸಾಲ ಒಟ್ಟು ಎಷ್ಟು, ಯಾವ ಬ್ಯಾಂಕು ಅಥವಾ ಸೊಸೈಟಿ, ಕಂತು ಎಷ್ಟು, ಎಷ್ಟು ತಿಂಗಳು, ಈಗ ಬೇರೆ ಸಾಲ ಏನೇನಿದೆ, ಇನ್ನೊಬ್ಬ ಜಾಮೀನುದಾರ ಇದಾನಾ, ಅಡಮಾನ ಏನಾದ್ರೂ ಇಟ್ಟಿದಾರಾ. ಎಲ್ಲದಕ್ಕಿಂತ ಮುಖ್ಯ, ಮೊದಲು ಯಾರನ್ನ ಕೇಳಿದ್ರು, ಅವರು ಯಾಕೆ ಆಗಲ್ಲ ಅಂದ್ರು. ಅವರ ಸ್ವಂತ ಅಣ್ಣ ಇಲ್ಲ ಅಂದಿದ್ರೆ ಅವನಿಗೆ ಗೊತ್ತಿರೋದು ನಿಮಗೆ ಗೊತ್ತಿಲ್ಲ.

ಕೇಳೋ ದನಿ ಪೊಲೀಸ್ ದನಿ ಆಗ್ಬಾರ್ದು. "ನಂಬಿಕೆ ಇಲ್ವಾ ನನ್ ಮೇಲೆ?" ಅಂತ ಬಂದೇ ಬರುತ್ತೆ. ಅದಕ್ಕೆ "ನಿಮ್ಮ ಮೇಲೆ ನಂಬಿಕೆ ಇದೆ, ಆದ್ರೆ ಬ್ಯಾಂಕ್ ನನ್ನ ಕೇಳೋದು ನಿಮ್ಮ ಬಗ್ಗೆ ಅಲ್ಲ, ದುಡ್ಡಿನ ಬಗ್ಗೆ" ಅಂತ ಹೇಳಿ. ಲೆಕ್ಕ ಕೇಳಿದ್ರೆ ಕೊಡೋರು ನಾಳೆ ಕಂತು ತಪ್ಪಿದ್ರೂ ಫೋನ್ ಮಾಡಿ ಹೇಳ್ತಾರೆ. ಲೆಕ್ಕ ಕೇಳಿದ್ದಕ್ಕೇ ಸಿಟ್ಟಾಗೋರು ನಾಳೆ ಫೋನ್ ಎತ್ತಲ್ಲ. ಇದು ಯಾವ ಶಾಸ್ತ್ರಾನೂ ಅಲ್ಲ, ಒಬ್ಬ ಸಹೋದ್ಯೋಗಿಗೆ ಜಾಮೀನು ಹಾಕಿ ಹದಿನಾಲ್ಕು ಕಂತು ಕಟ್ಟಿದ ನನ್ನ ಅನುಭವ, ಅದರ ಕಥೆ ಇಲ್ಲಿ ಬೇಡ.

ಹಂತ 5: ಇಲ್ಲ ಅನ್ನೋದು

ಲೆಕ್ಕ ನೋಡಿ ಹಾಕ್ಬಹುದು ಅನ್ಸಿದ್ರೆ 7ನೇ ಹಂತಕ್ಕೆ ಹೋಗಿ. ಇಲ್ಲ ಅನ್ನೋದಾದ್ರೆ ಹೀಗೆ.

ಕಾರಣಗಳ ಪಟ್ಟಿ ಕೊಡ್ಬೇಡಿ. ಬಹಳ ಜನ ಕೆಡೋದು ಇಲ್ಲೇ. "ಈ ತಿಂಗಳು ಸ್ಕೂಲ್ ಫೀಸ್ ಇದೆ" ಅಂದ್ರೆ "ಮುಂದಿನ ತಿಂಗಳು ಮಾಡು" ಅಂತಾರೆ. "ಸ್ಯಾಲರಿ ಸ್ಲಿಪ್ ಬಂದಿಲ್ಲ" ಅಂದ್ರೆ "ನಾನೇ ನಿಮ್ಮ ಆಫೀಸಲ್ಲಿ ಮಾತಾಡ್ತೀನಿ" ಅಂತಾರೆ. ನೀವು ಕೊಟ್ಟ ಒಂದೊಂದು ಕಾರಣಾನೂ ಅವರು ಬಗೆಹರಿಸ್ಬೇಕಾದ ಒಂದೊಂದು ಸಮಸ್ಯೆ, ಎಲ್ಲಾ ಬಗೆಹರಿದ ಮೇಲೆ ನಿಮ್ಮ ಹತ್ರ ಇಲ್ಲ ಅನ್ನೋಕೆ ಏನೂ ಉಳಿದಿರಲ್ಲ. ಸುಳ್ಳು ಕಾರಣ ಆದ್ರಂತೂ ಮುಂದಿನ ಮದುವೇಲಿ ಸಿಕ್ಕಿಹಾಕ್ಕೊಳ್ತೀರ.

ಹೆಂಡತಿ ಮೇಲೆ, ಗಂಡನ ಮೇಲೆ ಹಾಕೋದೂ ಬೇಡ. ಅವತ್ತಿಗೆ ಸುಲಭ ಅನ್ಸುತ್ತೆ, ಆದ್ರೆ ಆ ಮನೆಯವರ ಕಣ್ಣಲ್ಲಿ "ಅವಳು ಬಂದ ಮೇಲೆ ಹೀಗಾದ" ಅನ್ನೋದು ಹತ್ತು ವರ್ಷ ಇರುತ್ತೆ.

ಬದಲಿಗೆ ಒಂದೇ ನಿಯಮ, ನಿಮ್ದೇ ನಿಯಮ:

"ಅಣ್ಣ, ಯೋಚ್ನೆ ಮಾಡ್ದೆ. ಶ್ಯೂರಿಟಿ ನಾನು ಯಾರಿಗೂ ಹಾಕಲ್ಲ ಅಂತ ತೀರ್ಮಾನ ಮಾಡಿದೀನಿ. ನಿಂಗೂ ಹಾಕೋಕೆ ಆಗಲ್ಲ. ಬೇಜಾರಾಗುತ್ತೆ ಅಂತ ಗೊತ್ತು."

ಇಷ್ಟೇ. ಆಮೇಲೆ ಸುಮ್ನಿರಿ. ಆ ಮೌನ ತುಂಬಾ ಉದ್ದ ಅನ್ಸುತ್ತೆ, ಅದನ್ನ ತುಂಬೋಕೆ ಅಂತ ನಾವು ಬಾಯಿಬಿಟ್ಟು "ಆದ್ರೂ ಏನಾದ್ರೂ ಬೇರೆ ಮಾಡೋಣ" ಅಂದ್ಬಿಡ್ತೀವಿ. ಬೇಡ. ಹಾಂ, ನಿಯಮ ಅಂದ ಮೇಲೆ ನಿಯಮಾನೇ ಆಗಿರ್ಬೇಕು, ಭಾವಂಗೆ ಇಲ್ಲ ಅಂದು ಆರು ತಿಂಗಳಿಗೆ ಫ್ರೆಂಡಿಗೆ ಹಾಕಿದ್ರೆ ಅದಕ್ಕೆ ಉತ್ತರ ಇಲ್ಲ.

ಬೇರೆ ಥರ ಸಹಾಯ ಮಾಡೋ ಮನಸ್ಸಿದ್ರೆ, ಮೊದಲೇ ಬರೆದಿಟ್ಟ ಮೊತ್ತ ಇದ್ಯಲ್ಲ, ಅದನ್ನ ಹೇಳಿ. "ಇಪ್ಪತ್ತು ಸಾವಿರ ಕೊಡ್ತೀನಿ, ವಾಪಸ್ ಕೊಡೋದು ಬೇಡ." ಸಾಲ ಅಂತ ಕೊಟ್ಟು ಒಳಗೊಳಗೇ ಕೊರಗೋದಕ್ಕಿಂತ ಇದು ವಾಸಿ. ಕೊಟ್ಟೋನು ಕೋಡಂಗಿ, ಇಸ್ಕೊಂಡೋನು ಈರಭದ್ರ ಅಂತಾರಲ್ಲ, ಕೋಡಂಗಿ ಆಗೋದೇ ಆದ್ರೆ ಗೊತ್ತಿದ್ದೇ ಆಗಿ. ಆದ್ರೆ ಇದನ್ನ ಇಲ್ಲ ಅಂದ ಅದೇ ಉಸಿರಲ್ಲಿ ಹೇಳ್ಬೇಡಿ, ಚೌಕಾಸಿ ಶುರುವಾಗುತ್ತೆ. ಒಂದು ದಿನ ಬಿಟ್ಟು ಹೇಳಿ.

ಎದುರಿಗೆ ಹೇಳ್ಬೇಕಾ, ಫೋನಲ್ಲಾ, ಮೆಸೇಜಲ್ಲಾ ಅಂತ ಕೇಳ್ತಾರೆ. ಹಿರಿಯರಿಗೆ, ತೀರಾ ಹತ್ತಿರದವರಿಗೆ ಮೆಸೇಜು ಅವಮಾನ. ಎದುರಿಗೆ ಹೋದ್ರೆ ನೀವು ಕರಗ್ತೀರ. ನಾನು ಹೇಳೋದು ಫೋನು.

ಹಂತ 6: ಎರಡನೇ ಸುತ್ತಿಗೆ ರೆಡಿ ಇರಿ

ಇಲ್ಲ ಅಂದ ಮೇಲೆ ಮುಗೀತು ಅಂದ್ಕೊಂಡ್ರೆ ತಪ್ಪು. ಮೂರು ದಿನದೊಳಗೆ ಫೋನ್ ಬರುತ್ತೆ, ಅವರದ್ದಲ್ಲ, ಅಮ್ಮಂದು ಅಥವಾ ಸೋದರಮಾವಂದು. "ಅಷ್ಟೊಂದು ಬೇಡ್ಕೊಂಡ್ರಂತೆ, ಒಂದು ಸೈನ್ ಹಾಕೋಕೇನು?"

ಮಧ್ಯವರ್ತಿ ಜೊತೆ ವಾದ ಮಾಡ್ಬೇಡಿ, ಲೆಕ್ಕ ಒಪ್ಪಿಸ್ಬೇಡಿ. "ಅಮ್ಮ, ಅದರ ಬಗ್ಗೆ ಭಾವನ ಹತ್ರಾನೇ ಮಾತಾಡಿದೀನಿ, ನೀನು ಮಧ್ಯ ಬಂದು ಬೈಸ್ಕೊಳ್ಬೇಡ. ಊಟ ಆಯ್ತಾ?" ಅಂತ ಮಾತು ತಿರುಗಿಸಿ. ಅಮ್ಮನಿಗೂ ಬಹಳ ಸಲ ಬೇಕಾಗಿರೋದು "ನಾನು ಹೇಳ್ದೆ, ಅವ್ನು ಕೇಳ್ಲಿಲ್ಲ" ಅಂತ ಆ ಕಡೆಗೆ ಹೇಳೋಕೆ ಒಂದು ಫೋನ್ ಕಾಲ್ ಅಷ್ಟೇ. ಮಾಡಿದಾರೆ, ಮುಗೀತು. ಸೋದರಮಾವ ಆದ್ರೆ ಇನ್ನೊಂದು ಪ್ರಶ್ನೆ ಕೇಳ್ಬಹುದು, ಮೆತ್ತಗೆ: "ಮಾವ, ನೀವು ಹಾಕ್ತಿದೀರಾ?" ಬಹಳ ಕಡೆ ಮಾತು ಅಲ್ಲೇ ನಿಂತುಹೋಗುತ್ತೆ.

ಇನ್ನು ಮುನಿಸು. ಇದಕ್ಕೆ ಮದ್ದು ಒಂದೇ, ನೀವು ಮುನಿಸ್ಕೊಳ್ದೇ ಇರೋದು. ಹಬ್ಬಕ್ಕೆ ಫೋನ್ ಮಾಡಿ, ಮಗುವಿನ ಬರ್ತ್‌ಡೇಗೆ ಹೋಗಿ, ಅವರ ಮನೇಲಿ ಯಾರಿಗಾದ್ರೂ ಹುಷಾರಿಲ್ಲ ಅಂದ್ರೆ ಮೊದಲು ನೀವೇ ಹೋಗಿ ನಿಲ್ಲಿ. ಸೈನ್ ಇಲ್ಲ, ಆದ್ರೆ ನಾನಿದೀನಿ ಅಂತ ಬಾಯಲ್ಲಿ ಹೇಳಿದ್ರೆ ಯಾರೂ ನಂಬಲ್ಲ, ಹೋಗಿ ನಿಂತ್ರೆ ನಂಬ್ತಾರೆ. ಕೆಲವರು ನಂಬಲ್ಲ, ಎರಡು ಮೂರು ವರ್ಷ ಮಾತೇ ಆಡಲ್ಲ, ಅದೂ ಆಗುತ್ತೆ, ಆಗಲ್ಲ ಅಂತ ಸುಳ್ಳು ಹೇಳಲ್ಲ. ಆದ್ರೆ ಶ್ಯೂರಿಟಿ ಹಾಕಿ ಬಾಕಿ ಬಿದ್ದ ಮನೆಗಳಲ್ಲಿ ಎಷ್ಟು ವರ್ಷದಿಂದ ಮಾತಿಲ್ಲ ಅಂತ ನಿಮ್ಮ ಊರಲ್ಲೇ ವಿಚಾರಿಸಿ ನೋಡಿ. ದಾಕ್ಷಿಣ್ಯಕ್ಕೆ ಬಸುರಾದ್ರೆ ಹೆರೋಕೆ ತಾವಿಲ್ಲ ಅಂತ ಹಳೇ ಹೆಂಗಸರು ಸುಮ್ನೆ ಹೇಳಿದ್ದಲ್ಲ.

ಒಂದು ಗೆರೆ ಇಲ್ಲಿ ಎಳೀಬೇಕು. ಮುನಿಸು ಬೇರೆ, ಹೆದರಿಸೋದು ಬೇರೆ. "ನೀನು ಸೈನ್ ಹಾಕ್ಲಿಲ್ಲ ಅಂದ್ರೆ ಅಕ್ಕನ್ನ ತವರಿಗೆ ಕಳಿಸ್ತೀನಿ" ಅಂತ ಬಂದ್ರೆ ಅದು ಒಪ್ಪಿಸೋ ತಂತ್ರ ಅಲ್ಲ, ಬೆದರಿಕೆ. ಅಲ್ಲಿ ಈ ಲೇಖನ ಸಾಕಾಗಲ್ಲ. ಮೊದಲು ಅಕ್ಕನ ಜೊತೆ ಒಂಟಿಯಾಗಿ ಮಾತಾಡಿ, ಅವಳು ಸೇಫಾಗಿದಾಳಾ ಅಂತ ನೋಡಿ. ಮಹಿಳಾ ಸಹಾಯವಾಣಿ ನಂಬರ್ 181.

ಹಂತ 7: ಕೊಡೋದೇ ಆದ್ರೆ

ಕೈಸಾಲ ಆದ್ರೆ ಬ್ಯಾಂಕ್ ಮೂಲಕ ಕೊಡಿ. 20 ಸಾವಿರ ಅಥವಾ ಅದಕ್ಕಿಂತ ಮೇಲಿನ ಸಾಲ ಕ್ಯಾಶಲ್ಲಿ ತಗೊಳ್ಳೋ ಹಾಗಿಲ್ಲ ಅಂತ ಇನ್ಕಂ ಟ್ಯಾಕ್ಸ್ ನಿಯಮಾನೇ ಇದೆ. ಟ್ರಾನ್ಸ್‌ಫರ್ ಮಾಡುವಾಗ ರಿಮಾರ್ಕ್ಸಲ್ಲಿ "ಸಾಲ" ಅಂತ ಬರೀರಿ. ಒಂದು ಪ್ರೋನೋಟ್ ಬರೆಸ್ಕೊಳ್ಳಿ, ಅಂದ್ರೆ ಕೇಳಿದಾಗ ವಾಪಸ್ ಕೊಡ್ತೀನಿ ಅಂತ ಮೊತ್ತ, ದಿನಾಂಕ, ಸೈನ್ ಇರೋ ಪತ್ರ, ರೆವಿನ್ಯೂ ಸ್ಟಾಂಪ್ ಅಂಟಿಸಿ. ನಮ್ಮೋರ ಹತ್ರ ಪತ್ರ ಕೇಳೋದು ಹೇಗೆ ಅಂದ್ರೆ, "ಇಬ್ರಿಗೂ ನೆನಪಿರ್ಲಿ ಅಂತ" ಅನ್ನಿ, ಸುಳ್ಳೇನಲ್ಲ.

ಸಾಲದ ಕೇಸ್ ಹಾಕೋಕೆ ಸಾಮಾನ್ಯವಾಗಿ ಮೂರು ವರ್ಷದ ಗಡುವು, ಕೊಟ್ಟ ದಿನದಿಂದ. "ನಮ್ಮೋನು ಎಲ್ಲಿ ಹೋಗ್ತಾನೆ" ಅಂತ ನಾಕನೇ ವರ್ಷ ವಕೀಲರ ಹತ್ರ ಬಂದ್ರೆ ಅವರು ಕೈ ಚೆಲ್ತಾರೆ. ಗಡುವಿನ ಒಳಗೆ ಸಾಲ ಬಾಕಿ ಇದೆ ಅಂತ ಬರೆದುಕೊಟ್ರೆ ಮೂರು ವರ್ಷ ಹೊಸದಾಗಿ ಶುರುವಾಗುತ್ತೆ. ಚೆಕ್ ತಗೊಂಡಿದ್ದು ಬೌನ್ಸ್ ಆದ್ರೆ, ಬ್ಯಾಂಕಿಂದ ಗೊತ್ತಾದ 30 ದಿನದೊಳಗೆ ನೋಟಿಸ್ ಕಳಿಸ್ಬೇಕು, ಅದು ತಲುಪಿದ ಮೇಲೆ ಅವರಿಗೆ 15 ದಿನ ಟೈಮು, ಆಗ್ಲೂ ಕೊಡದೇ ಹೋದ್ರೆ ಅಲ್ಲಿಂದ ಒಂದು ತಿಂಗಳೊಳಗೆ ಕೋರ್ಟಿಗೆ ದೂರು. ಈ ದಿನಗಳು ತಪ್ಪಿದ್ರೆ ಕಷ್ಟ.

ಶ್ಯೂರಿಟಿ ಆದ್ರೆ ಖಾಲಿ ಜಾಗ ಇರೋ ಫಾರಂಗೆ, ಮೊತ್ತ ತುಂಬದೇ ಇರೋ ಹಾಳೆಗೆ ಯಾವ ಕಾರಣಕ್ಕೂ ಸೈನ್ ಬೇಡ. ನಿಮ್ಮ ಖಾಲಿ ಚೆಕ್ಕೂ ಕೊಡ್ಬೇಡಿ. ಎಲ್ಲಾ ಹಾಳೆ ಫೋಟೋ ಹೊಡ್ಕೊಳ್ಳಿ, ಜಾಮೀನು ಪತ್ರದ ಒಂದು ಕಾಪಿ ಕೇಳಿ ತಗೊಳ್ಳಿ. ಕಂತು ಕಟ್ಟಿದ ಮೆಸೇಜ್ ಪ್ರತಿ ತಿಂಗಳು ನಂಗೆ ಫಾರ್ವರ್ಡ್ ಮಾಡ್ಬೇಕು ಅಂತ ಮೊದಲೇ ಮಾತಾಡ್ಕೊಳ್ಳಿ.

ಹಂತ 8: ಆಗ್ಲೇ ಸೈನ್ ಹಾಕಿ ಆಗಿದ್ರೆ

ಸಾಲ ಇನ್ನೂ ಬಿಡುಗಡೆ ಆಗಿಲ್ಲ ಅಂದ್ರೆ ಇವತ್ತೇ ಬ್ಯಾಂಕಿಗೆ ಹೋಗಿ ಬರವಣಿಗೇಲಿ ಕೊಡಿ, ನಾನು ಜಾಮೀನಿಗೆ ನಿಲ್ಲೋಕೆ ತಯಾರಿಲ್ಲ ಅಂತ, ಸೀಲ್ ಹಾಕಿಸಿ ಸ್ವೀಕೃತಿ ತಗೊಳ್ಳಿ. ಬಿಡುಗಡೆ ಆಗಿದ್ರೆ ಒಬ್ಬರೇ ಕೈತೊಳ್ಕೊಂಡು ಬರೋಕಾಗಲ್ಲ. ಇನ್ನೊಬ್ಬ ಜಾಮೀನುದಾರನ್ನ ಕೊಡ್ತೀವಿ ಅಂತ ಸಾಲಗಾರ ಹೋಗಿ ಕೇಳ್ಬೇಕು, ಬ್ಯಾಂಕ್ ಒಪ್ಪಬೇಕು.

ಸಿಬಿಲ್, ಎಕ್ಸ್‌ಪೀರಿಯನ್, ಇಕ್ವಿಫ್ಯಾಕ್ಸ್, ಸಿಆರ್‌ಐಎಫ್ ಹೈ ಮಾರ್ಕ್ ಈ ನಾಕು ಕಂಪನಿಗಳೂ ವರ್ಷಕ್ಕೊಂದು ಕ್ರೆಡಿಟ್ ರಿಪೋರ್ಟ್ ಫ್ರೀಯಾಗಿ ಕೊಡ್ಬೇಕು. ಮೂರು ತಿಂಗಳಿಗೆ ಒಂದರಂತೆ ತೆಗೆದು ನೋಡ್ತಾ ಇದ್ರೆ ಕಂತು ತಪ್ಪಿದ್ದು ಬೇಗ ಗೊತ್ತಾಗುತ್ತೆ. ಕೊನೆಗೆ ನೀವೇ ಕಟ್ಟೋ ಹಾಗಾದ್ರೆ ರಸೀದಿ ನಿಮ್ಮ ಹೆಸರಲ್ಲೇ ತಗೊಳ್ಳಿ, ಕಟ್ಟಿದ್ದನ್ನ ಸಾಲಗಾರನಿಂದ ವಸೂಲಿ ಮಾಡೋ ಹಕ್ಕು ಅದೇ ಕರಾರು ಕಾಯ್ದೇಲಿ ಇದೆ, ಜೊತೆಗೆ ಇನ್ನೊಬ್ಬ ಜಾಮೀನುದಾರ ಇದ್ರೆ ಅವನ ಪಾಲನ್ನೂ ಕೇಳ್ಬಹುದು. ಮೊತ್ತ ದೊಡ್ಡದಿದ್ರೆ ವಕೀಲರನ್ನ ನೋಡಿ, ಜಿಲ್ಲಾ ಮತ್ತು ತಾಲೂಕು ಕೋರ್ಟುಗಳಲ್ಲಿ ಕಾನೂನು ಸೇವಾ ಪ್ರಾಧಿಕಾರದ ಕಡೆಯಿಂದ ಸಲಹೆ ಸಿಗುತ್ತೆ.

ಕೇಳೋರು ನೀವೇ ಆದ್ರೆ

ಇದನ್ನ ಓದ್ತಿರೋರಲ್ಲಿ ಅರ್ಧ ಜನ ಈ ಕಡೆಯವರು ಅಂತ ನಂಗೆ ಗೊತ್ತು. ಕಷ್ಟ ಎಲ್ಲರಿಗೂ ಬರುತ್ತೆ, ಕೇಳೋದು ತಪ್ಪಲ್ಲ. ಸುತ್ತಿ ಬಳಸಿ ಕೇಳ್ಬೇಡಿ ಅಷ್ಟೇ. 2008ರಲ್ಲಿ ಫ್ಲಿನ್ ಮತ್ತು ಲೇಕ್ ಅನ್ನೋರು ಮಾಡಿದ ಪ್ರಯೋಗಗಳಲ್ಲಿ, ನೇರವಾಗಿ ಸಹಾಯ ಕೇಳಿದ್ರೆ ಎಷ್ಟು ಜನ ಒಪ್ತಾರೆ ಅಂತ ಕೇಳೋರು ಅಂದಾಜು ಮಾಡಿದ್ರೋ ಅದಕ್ಕಿಂತ ಬಹಳ ಜಾಸ್ತಿ ಜನ ಒಪ್ಪಿದ್ರು. ಸಣ್ಣ ಸಹಾಯಗಳು ಅವು, ಸಾಲ ಅಲ್ಲ, ಆದ್ರೂ ತಂತ್ರ ಇಲ್ದೇನೂ ಜನ ಕೊಡ್ತಾರೆ ಅನ್ನೋದಂತೂ ನಿಜ.

ಒಟ್ಟು ಮೊತ್ತ, ಎಷ್ಟು ತಿಂಗಳು, ಬೇರೆ ಸಾಲ ಏನಿದೆ, ಎಲ್ಲಾ ಅವರು ಕೇಳೋಕೆ ಮುಂಚೆ ನೀವೇ ಹೇಳಿ. ಮನೆ ತುಂಬಾ ಜನ ಇದ್ದಾಗ ಕೇಳ್ಬೇಡಿ. "ಆಗಲ್ಲ ಅಂದ್ರೂ ಪರವಾಗಿಲ್ಲ, ಭಾನುವಾರ ಹೇಳು" ಅನ್ನಿ. ಈ "ನಿನ್ನಿಷ್ಟ" ಅನ್ನೋ ಮಾತಿಗೂ ಜನರನ್ನ ಒಪ್ಪಿಸೋ ಶಕ್ತಿ ಇದೆ ಅಂತ ಫ್ರಾನ್ಸಲ್ಲಿ 2000ನೇ ಇಸವಿಯ ಒಂದು ಪ್ರಯೋಗ ತೋರಿಸಿದೆ, ಬಸ್ಸಿಗೆ ಚಿಲ್ಲರೆ ಕೇಳುವಾಗ ಅದೊಂದು ಮಾತು ಸೇರಿಸಿದ್ದಕ್ಕೆ ಕೊಟ್ಟೋರು ನೂರಕ್ಕೆ 10ರಿಂದ 47ಕ್ಕೆ ಏರಿದ್ರು. ಹಾಗಾಗಿ ಅದನ್ನೂ ತಂತ್ರ ಮಾಡ್ಕೊಳ್ಬೇಡಿ, ಪರವಾಗಿಲ್ಲ ಅಂದ ಮೇಲೆ ನಿಜವಾಗ್ಲೂ ಪರವಾಗಿಲ್ಲ ಅನ್ನೋ ಹಾಗೇ ಇರಿ. ಅವರು ಇಲ್ಲ ಅಂದ್ರೆ ಅದೇ ವಾರದಲ್ಲಿ ಒಂದ್ಸಲ ಫೋನ್ ಮಾಡಿ, ಮಕ್ಕಳು ಹೇಗಿದಾರೆ ಕೇಳಿ, ದುಡ್ಡಿನ ಮಾತು ಎತ್ತದೆ ಇಡಿ.